ವಿಷಲ್ ಇಲ್ಲದ ಸ್ಕ್ರಮ್

"ದಾರಿ ತಪ್ಪಿ ಬಂದ್ರಾ? ರಗ್ಬಿ ಕ್ಲಬ್ಬು ಗುಡ್ಡದ ಆ ಕಡೆ ಇದೆ."

ಮೆರೆಯಾನ ಎನ್ನುವವಳು ನನ್ನೊಂದಿಗೆ ಆಡಿದ ಮೊದಲ ಮಾತು ಅದು. ಎಂಬತ್ತೊಂದರ ಆಗಸ್ಟ್. ವೆಲಿಂಗ್ಟನ್ನಿನ ಗಾಳಿ ಚರ್ಚ್ ಹಾಲಿನ ಕಿಟಕಿಗಳನ್ನು ಒಂದೊಂದಾಗಿ ವಿಚಾರಿಸಿಕೊಳ್ಳುತ್ತಿತ್ತು. ಪೊಲೀಸರ ಲಾಠಿಯೇಟು ತಡೆಯಲೆಂದು ಒಳಗಿದ್ದವರ ತಲೆಗೆ ಮೋಟಾರ್‌ಸೈಕಲ್ ಹೆಲ್ಮೆಟ್, ಸ್ವೆಟರಿನೊಳಗೆ ಸೋಫಾದ ದಿಂಬು. ಶನಿವಾರ ದಕ್ಷಿಣ ಆಫ್ರಿಕಾದ ತಂಡ ನಮ್ಮೂರ ಮೈದಾನಕ್ಕೆ ಇಳಿಯಲಿತ್ತು. ಕರಿಯರಿಗೆ ಮತವೂ ಇಲ್ಲ, ಕೂರುವ ಬೆಂಚೂ ಬೇರೆ ಎನ್ನುವ ಸರ್ಕಾರದ ತಂಡ. ಅದನ್ನು ವಿರೋಧಿಸಿ ಬೀದಿಯಲ್ಲಿ ತೋಳಿಗೆ ತೋಳು ಬೆಸೆದು ನಿಲ್ಲುವ ಅಭ್ಯಾಸ ಅಲ್ಲಿ ನಡೆದಿತ್ತು. ನಾನೋ, ಇದ್ದುದರಲ್ಲಿ ದಪ್ಪನೆಯದೆಂದು ಕ್ಲಬ್ಬಿನ ಹಸಿರು ಜೆರ್ಸಿಯನ್ನೇ ತೊಟ್ಟು ಬಂದಿದ್ದೆ.

"ತಪ್ಪಿಲ್ಲ. ಇಲ್ಲಿಗೇ ಬಂದೆ. ಹೆಸರು ರಸೆಲ್."

"ಗೂಢಚಾರರು ಇಷ್ಟು ದಪ್ಪ ಇರಲ್ಲ ಬಿಡೇ," ಎಂದಳು ಅವಳ ಚಿಕ್ಕಮ್ಮ ಹೂಯಿಯಾ. ತರಬೇತಿ ಕೊಡುತ್ತಿದ್ದವಳು ಆಕೆಯೇ. "ಮೂರನೇ ಸಾಲಿಗೆ ಹೋಗಪ್ಪ. ಇವಳ ಪಕ್ಕ ನಿಲ್ಲು."

ನಿಂತೆ. ಅವಳ ಹೆಲ್ಮೆಟ್ಟಿನಿಂದ ತಪ್ಪಿಸಿಕೊಂಡ ಒಂದೇ ಒಂದು ಕೂದಲೆಳೆ ನನ್ನ ಕೆನ್ನೆಯ ಬಳಿ ಏನನ್ನೋ ಬರೆದು ಅಳಿಸುತ್ತಿತ್ತು.

"ಹಿಡೀರಿ!" ಎಂದು ಹೂಯಿಯಾ ಕೂಗಿದಳು.

ಹದಿನೈದು ವರ್ಷ, ಎರಡು ತಂಡಗಳು ತೋಳು ಬೆಸೆದು ಚೆಂಡಿಗಾಗಿ ಒಂದನ್ನೊಂದು ತಳ್ಳುವ ರಗ್ಬಿಯ ಸ್ಕ್ರಮ್‌ನ ಮೊದಲ ಸಾಲಿನಲ್ಲಿ ಹೆಗಲು ಕೊಟ್ಟ ಮೈ ನನ್ನ ಅಪ್ಪಣೆಗೆ ಕಾಯಲಿಲ್ಲ. ಎರಡೂ ಪಕ್ಕದವರ ಕಂಕುಳಡಿ ಕೈ ತೂರಿಸಿ, ಬಟ್ಟೆ ಮುಷ್ಟಿಯಲ್ಲಿ ಬಿಗಿಹಿಡಿದು, ತಲೆ ತಗ್ಗಿಸಿ ನುಗ್ಗಿದೆ. ಮೆರೆಯಾನ, ಆಚೆ ಬದಿಯ ಪಾದ್ರಿ, ಪಾದ್ರಿಯ ದಿಂಬು, ಎಲ್ಲವೂ ನನ್ನೊಂದಿಗೆ ಬಾಗಿ ನೆಲ ಸೇರಿದವು.

ಸುತ್ತ ಇದ್ದವರೆಲ್ಲ ಬಿದ್ದು ಬಿದ್ದು ನಕ್ಕರು. ಕೆಳಗಿನಿಂದ ಅವಳ ಕಣ್ಣು ಮಾತ್ರ ಕಂಡಿತು.

"ಚೆಂಡೆಲ್ಲಿ ಮಾರಾಯ?"

"ಕ್ಷಮಿಸಿ. ಅಭ್ಯಾಸ."

"ಆದ್ರೆ ನೋಡಿ ಚಿಕ್ಕಮ್ಮಾ," ಎಂದಳು ಏಳುತ್ತ, "ಬಿದ್ದರೂ ಕೈ ಬಿಟ್ಟಿಲ್ಲ ಈ ಮನುಷ್ಯ!"

ಅಂದಿನಿಂದ ನಾನು ಆ ಹಿಡಿತವನ್ನು ಎಲ್ಲರಿಗೂ ಕಲಿಸಿದೆ. ಬೆರಳಿಗೆ ಬೆರಳು ಬೇಡ, ಬಟ್ಟೆ ಹಿಡಿಯಿರಿ, ಹೆಗಲಿಗೆ ಹೆಗಲು. ಮೆರೆಯಾನಳಿಗೆ ಮಾತ್ರ ಪ್ರತಿದಿನ ಹೊಸದಾಗಿ ಕಲಿಸಬೇಕಾಗುತ್ತಿತ್ತು. ಅವಳು ಮೊದಲ ದಿನವೇ ಕಲಿತಿದ್ದಳೆಂಬುದು ನಮ್ಮಿಬ್ಬರಿಗೂ ಗೊತ್ತಿತ್ತು.

ಗುರುವಾರ ಚಹಾ ಕುಡಿಯುತ್ತ ಅವಳು ನಗಲಿಲ್ಲ. "ನಲವತ್ತೊಂಬತ್ತರಲ್ಲಿ ನಮ್ಮ ತಂಡ ಆ ದೇಶಕ್ಕೆ ಹೋಯ್ತಲ್ಲ, ನಮ್ಮಪ್ಪನೂ ಹೋಗೋ ಮಟ್ಟದ ಆಟಗಾರ. ಬಿಳಿಯನಲ್ಲ, ಮಾವೊರಿ ಅಂತ ಇಲ್ಲೇ ಬಿಟ್ಟುಹೋದ್ರು. ಬೂಟಿಗೆ ಪಾಲಿಶ್ ಹಾಕೋದನ್ನ ಅವರು ಕೊನೇವರೆಗೂ ನಿಲ್ಲಿಸಲಿಲ್ಲ." ಆಮೇಲೆ ಕಪ್ಪಿನೊಳಗೆ ನೋಡುತ್ತ ಕೇಳಿದಳು: "ಶನಿವಾರ ನೀನು ಮೈದಾನದ ಬೇಲಿಯ ಯಾವ ಕಡೆ, ರಸೆಲ್?"

"ನಿನ್ನ ಪಕ್ಕ."

"ಸುಲಭವಾಗಿ ಹೇಳಿಬಿಟ್ಟೆ."

ಸುಲಭವಾಗಿರಲಿಲ್ಲ. ನನ್ನಪ್ಪ ಕ್ಲಬ್ಬಿನ ಅಧ್ಯಕ್ಷ, ತನ್ನ ಕಾಲದಲ್ಲಿ ನನ್ನಂತೆಯೇ ಮೊದಲ ಸಾಲಿನ ಪ್ರಾಪ್. ಕುರಿಮಾಂಸದ ರೋಸ್ಟಿನ ತಟ್ಟೆಯ ಪಕ್ಕದಲ್ಲಿ ಆಟದ ಎರಡು ಟಿಕೆಟ್ ಜೋಡಿಸಿಟ್ಟು ಕಾಯುತ್ತಿದ್ದ.

ಶನಿವಾರ ನಾನು ತಡವಾಗಿ ಓಡುತ್ತ ಬಂದಾಗ ಬೀದಿಯ ತುಂಬ ಸಾಲುಗಳು ಹೊರಟು ನಿಂತಿದ್ದವು. ಮೂರನೆಯ ಸಾಲಿನಲ್ಲಿ ಒಬ್ಬ ದಪ್ಪ ಮನುಷ್ಯನಷ್ಟು ಖಾಲಿ ಜಾಗ.

"ಜಾಗ ಮುಚ್ಚೇ, ಮೆರೆಯಾನ!" ಹೂಯಿಯಾ ಗದರುತ್ತಿದ್ದಳು.

"ಇನ್ನೊಂದು ನಿಮಿಷ ಚಿಕ್ಕಮ್ಮಾ."

"ಇದನ್ನ ಆಗಲೇ ಹತ್ತು ಸಲ ಹೇಳಿದ್ದೀಯ!"

ಆ ಜಾಗದೊಳಕ್ಕೆ ಹೆಗಲು ತೂರಿಸಿದೆ. ಅವಳು ನನ್ನ ತಲೆಯನ್ನೇ ನೋಡಿದಳು. "ಇದೇನಿದು?"

ಕಿವಿ ಮುಚ್ಚುವ, ಬಿರುಕುಬಿಟ್ಟ ಹಳೆಯ ಚರ್ಮದ ಟೋಪಿ. "ಅಪ್ಪಂದು. ಟಿಕೆಟ್ ವಾಪಸ್ ಕೊಟ್ಟೆ. ಒಂದು ಗಂಟೆ ಬೈದ. ಬಾಗಿಲವರೆಗೆ ಬೈಕೊಂಡೇ ಬಂದು, ಇದನ್ನ ಕೈಲಿಟ್ಟ. 'ನೀನು ಮಾಡ್ತಿರೋದು ಶುದ್ಧ ತಪ್ಪು. ಆದ್ರೂ ಕಿವಿ ಉಳಿಸ್ಕೋ' ಅಂದ. ಅವನು ಆಟ ನೋಡೋಕೆ ಹೋದ."

ಮೆರೆಯಾನ ಹತ್ತಿರ ಸರಿದಳು. ನನ್ನ ಕಂಕುಳಡಿ ಕೈ ತೂರಿಸಿ, ಹಸಿರು ಜೆರ್ಸಿಯನ್ನು ಮುಷ್ಟಿಯಲ್ಲಿ ಬಿಗಿಯಾಗಿ ಹಿಡಿದಳು. ಪಾಠದಲ್ಲಿ ಒಂದು ತಪ್ಪೂ ಇರಲಿಲ್ಲ.

ಆ ಮಧ್ಯಾಹ್ನ ಪೊಲೀಸರ ಉದ್ದನೆಯ ಲಾಠಿಗಳು ನಮ್ಮೆದುರು ಇನ್ನೊಂದು ಬೇಲಿಯಂತೆ ನಿಂತಿದ್ದವು. ಆಟಕ್ಕೆ ಹೊರಟವರು ಎಸೆದ ಒಂದು ಮೊಟ್ಟೆ ಅಪ್ಪನ ಟೋಪಿಯ ಅಂಚಿಗೆ ಬಡಿದು ಒಡೆಯಿತು. ಒಳಗೆ ಆಟ ನಡೆಯಿತು. ಹೊರಗೆ ನಮ್ಮ ಸಾಲು ಒಡೆಯಲಿಲ್ಲ.

ಸಂಜೆ ಚರ್ಚ್ ಹಾಲಿನ ಅಂಗಳದಲ್ಲಿ ಹೂಯಿಯಾ ಕೂಗಿದಳು: "ಬಿಡಿ! ಮುಗೀತು!"

ತೋಳುಗಳು ಕಳಚಿದವು. ಎರಡರ ಹೊರತು.

"ಬಿಡು ಅಂದ್ರು," ಎಂದಳು ಮೆರೆಯಾನ, ಬಿಡದೆ.

"ರೆಫರಿ ವಿಷಲ್ ಊದೋವರೆಗೆ ಪ್ರಾಪ್ ಬಿಡಬಾರದು."

"ಇಲ್ಲಿ ವಿಷಲ್ಲೇ ಇಲ್ಲವಲ್ಲೋ."

"ಇಲ್ಲ."

ಅವಳು ನನ್ನ ಹುಬ್ಬಿನ ಮೇಲೆ ಒಣಗಿದ್ದ ಹಳದಿಯನ್ನು ಹೆಬ್ಬೆರಳಿಂದ ಒರೆಸಿದಳು. "ಹಾಗಾದ್ರೆ ಕಷ್ಟ," ಎಂದು ಮೆಲ್ಲಗೆ ನಕ್ಕಳು. "ಜೀವನಪೂರ್ತಿ ಹೀಗೇ ನಡೀಬೇಕಾಗುತ್ತೆ."

"ಏನ್ರೋ, ಚಹಾ ಆರ್ತಿದೆ!" ಎಂದಳು ಹೂಯಿಯಾ ಒಳಗಿನಿಂದ.

ಚರ್ಚ್ ಹಾಲಿನ ಬಾಗಿಲು ಕಿರಿದು. ನಾವು ಅಡ್ಡಡ್ಡವಾಗಿ ಒಳಗೆ ಹೋದೆವು.