ಹೈಲ್ವಿಗ್ ಎಂಬ ಹೆಸರು ಯಾರದು

ಟಾಡೆ ಫೆಡರ್ಸನ್ ನನ್ನ ಕುರ್ಚಿಯಲ್ಲಿ ಮೊದಲ ಸಲ ಕುಳಿತಾಗ ಅವನ ತಲೆಯ ಮೇಲೆ ಎರಡು ಕುರಿಗಳಿಗಾಗುವಷ್ಟು ಕೂದಲಿತ್ತು.

ಆಗ ನಾನು ಕಡಲ ದಡದ ಹುಸುಮ್ ಪೇಟೆಯ ಸಲೂನೊಂದರಲ್ಲಿ ಕೆಲಸಕ್ಕಿದ್ದೆ. ಗುರುವಾರ ಮಾತ್ರ ಕತ್ತರಿಯ ಪೆಟ್ಟಿಗೆ ಹಿಡಿದು, ಲಾಂಚ್ ಹತ್ತಿ, ಎದುರಿನ ದ್ವೀಪಕ್ಕೆ ಹೋಗುತ್ತಿದ್ದೆ. ಅಲ್ಲಿನ ಹೋಟೆಲಿನ ಹಿಂದಿನ ಕೋಣೆಯೇ ನನ್ನ ಅಂಗಡಿ. ಕುರಿಗಳ ಉಣ್ಣೆ ಕತ್ತರಿಸಲು ದ್ವೀಪದಲ್ಲೇ ಜನರಿದ್ದರು, ಮನುಷ್ಯರ ತಲೆಗೆ ನಾನು ಬರಬೇಕಿತ್ತು.

"ಎಷ್ಟು ತೆಗೀಲಿ?" ಎಂದು ಕೇಳಿದೆ.

"ನಮ್ಮತ್ತೆಗೆ ಗುರುತು ಸಿಗೋಷ್ಟು ಉಳಿಸಿ, ಸಾಕು."

ಕನ್ನಡಿಯೊಳಗಿಂದ ನನ್ನನ್ನೇ ನೋಡುತ್ತಿದ್ದ. ಕುರ್ಚಿಯಲ್ಲಿ ಕುಳಿತವರು ಸಾಮಾನ್ಯವಾಗಿ ತಮ್ಮನ್ನು ತಾವೇ ನೋಡಿಕೊಳ್ಳುತ್ತಾರೆ. ಇವನು ತನ್ನ ಮುಖದ ಕಡೆ ಒಮ್ಮೆಯೂ ತಿರುಗಲಿಲ್ಲ. ಬಾಚಣಿಗೆಯಿಂದ ಒತ್ತಿ ತಲೆಯನ್ನು ಮುಂದಕ್ಕೆ ಬಗ್ಗಿಸಿದೆ. ಬಗ್ಗಿದವನು ಹುಬ್ಬಿನಡಿಯಿಂದಲೇ ನೋಡಿದ.

"ನಿಮ್ಮ ಹೆಸರು?" ಎಂದ.

"ಹೇಳಿದ್ರೆ ಜನ ಎರಡೆರಡು ಸಲ ಕೇಳ್ತಾರೆ. ಅದಕ್ಕೇ ಹೇಳೋದು ಬಿಟ್ಟಿದೀನಿ."

"ನನ್ನ ಕಿವಿ ಚೆನ್ನಾಗಿದೆ. ಒಂದೇ ಸಲ ಸಾಕು."

"ಹೈಲ್ವಿಗ್."

ತಟ್ಟನೆ ತಿರುಗಿದ. ಚೆನ್ನಾಗಿದೆ ಎಂದ ಕಿವಿಯ ತುದಿಗೇ ಕತ್ತರಿ ತಾಗಿ ರಕ್ತ ಬಂತು.

"ಅದು ನಮ್ಮಜ್ಜಿ ಹೆಸರು," ಎಂದ. ನೋವಿನ ಪರಿವೆಯೇ ಇರಲಿಲ್ಲ.

ಈ ಹೆಸರಿನಿಂದ ನಾನು ಪಟ್ಟ ಪಾಡು ನನಗೇ ಗೊತ್ತು. ಶಾಲೆಯಲ್ಲಿ ನನ್ನ ತರಗತಿಗೆ ನಾಲ್ಕು ಸಬೀನೆ, ಮೂರು ಪೆಟ್ರಾ. ಹೈಲ್ವಿಗ್ ನಾನೊಬ್ಬಳೇ. ಹೆಸರಿನ ಮೊದಲರ್ಧ ಕಿವಿಗೆ ಬಿದ್ದರೆ ಸಾಕು, ಯುದ್ಧ ಕಂಡ ಮೇಷ್ಟ್ರುಗಳ ಮುಖ ಗಂಟಾಗುತ್ತಿತ್ತು. ಹುಡುಗರು ಬೇಕೆಂದೇ ಕೈ ಮುಂದಕ್ಕೆ ಚಾಚಿ ನಗುತ್ತಿದ್ದರು. ಆ ಶಬ್ದ ನಾಜಿಗಳ 'ಹೈಲ್' ಎಂಬ ಆ ದರಿದ್ರ ಜೈಕಾರಕ್ಕಿಂತ ಸಾವಿರ ವರ್ಷ ಹಳೆಯದೆಂದು ಲೈಬ್ರರಿಯ ದಪ್ಪ ಪುಸ್ತಕವೊಂದರಲ್ಲಿ ಓದಿದಾಗ ನನಗೆ ಹದಿನಾಲ್ಕು. ಹೈಲ್ ಎಂದರೆ ಕ್ಷೇಮ, ಗಾಯವಿಲ್ಲದೆ ಇಡಿಯಾಗಿರುವುದು. ವಿಗ್ ಎಂದರೆ ಕಾಳಗ. ಹಿಂದಿನವರು ಇಂಥ ಹೆಸರುಗಳನ್ನು ಅರ್ಥ ನೋಡಿಯೇ ಇಡುತ್ತಿರಲಿಲ್ಲವಂತೆ. ಅಪ್ಪನ ಕಡೆಯವರ ಹೆಸರಿನಿಂದ ಒಂದು ತುಂಡು, ಅಮ್ಮನ ಕಡೆಯವರದರಿಂದ ಇನ್ನೊಂದು ತುಂಡು ತೆಗೆದು ಜೋಡಿಸಿದ್ದೂ ಉಂಟಂತೆ. ಹೆಸರು ಕೇಳಿದರೆ ಯಾರ ಪೈಕಿ ಎಂದು ತಿಳಿಯಬೇಕು, ಅಷ್ಟೆ.

ಹಾಗಾದರೆ ನಾನು ಯಾರ ಪೈಕಿ ಎಂದು ಅಮ್ಮನನ್ನು ಕೇಳಿದ್ದೆ. "ಒಬ್ಬ ಒಳ್ಳೇ ಹೆಂಗಸಿನ ಹೆಸರು ಕಣೇ. ಹಾಳು ಮಾಡ್ಬೇಡ," ಎಂದಿದ್ದಳು. ಅಪ್ಪ ಯಾರೆಂದು ಕೇಳಿದರೆ ಅಷ್ಟು ಉತ್ತರವೂ ಇಲ್ಲ. ನನಗೆ ಹತ್ತೊಂಬತ್ತಾದಾಗ ಅಮ್ಮ ತೀರಿಕೊಂಡಳು, ಮಾತು ಅಲ್ಲಿಗೇ ನಿಂತಿತು.

ಮುಂದಿನ ಗುರುವಾರ ಟಾಡೆ ಮತ್ತೆ ಬಂದ. ಅದರ ಮುಂದಿನ ಗುರುವಾರವೂ ಬಂದ.

"ಕತ್ತರಿಸೋಕೆ ಏನೂ ಇಲ್ಲ," ಎಂದೆ.

"ಹುಡುಕಿ, ಸಿಗುತ್ತೆ."

"ಕಿವಿ ಇನ್ನೊಂದಿದೆ."

"ಅದನ್ನೂ ತಗೊಳ್ಳಿ." ಕುರ್ಚಿಯಲ್ಲಿ ಆರಾಮಾಗಿ ಒರಗಿದ. ಹೆಸರಿನ ಅರ್ಥ ಹೇಳಿದ್ದೇ ನನ್ನ ತಪ್ಪು. ಅಂದಿನಿಂದ ಬಾಗಿಲಲ್ಲೇ ನಿಂತು ಕೇಳುವುದು ಶುರುವಾಯಿತು: "ಇವತ್ತು ಕ್ಷೇಮಾನಾ, ಕಾಳಗಾನಾ?"

ಅವನಿಗೆ ಇಪ್ಪತ್ನಾಲ್ಕು, ನನಗಿಂತ ಎರಡು ವರ್ಷಕ್ಕೆ ಚಿಕ್ಕವನು. ತಾಯಿ ಬೇಗ ಹೋಗಿದ್ದಳು, ತಂದೆ ಬ್ರೋಡರ್ ಸತ್ತು ಆರು ವರ್ಷವಾಗಿತ್ತು. ತಂದೆಯ ಅಕ್ಕ ಗೊಂಡೆಲ್ ಅತ್ತೆ, ಇವನು, ಮುನ್ನೂರು ಕುರಿಗಳು, ಇಷ್ಟೇ ಮನೆ. ಸಂಜೆಯ ಲಾಂಚ್ ಬರುವವರೆಗೆ ನಾವಿಬ್ಬರೂ ಸಮುದ್ರದ ಕಟ್ಟೆಯ ಮೇಲೆ ನಡೆಯುತ್ತಿದ್ದೆವು. 'ನೀವು' ಹೋಗಿ 'ನೀನು' ಬಂದದ್ದು ಆ ಕಟ್ಟೆಯ ಮೇಲೆಯೇ. ಗಾಳಿಗೆ ನನ್ನ ಕೆಂಪು ಕೂದಲು ಅವನ ಮುಖಕ್ಕೆ ಹಾರಿದರೆ ಅವನು ಸರಿಸುತ್ತಲೂ ಇರಲಿಲ್ಲ, ದೂರ ಸರಿಯುತ್ತಲೂ ಇರಲಿಲ್ಲ.

"ನಮ್ಮ ದ್ವೀಪದಲ್ಲಿ ಹೆಸರು ಆರಿಸೋದಿಲ್ಲ, ತಾನೇ ಬರುತ್ತೆ," ಎಂದು ಒಂದು ದಿನ ಹೇಳಿದ. "ಮೊದಲ ಮಗನಿಗೆ ಅಪ್ಪನ ಅಪ್ಪಂದು, ಮೊದಲ ಮಗಳಿಗೆ ಅಪ್ಪನ ಅಮ್ಮಂದು. ನಂಗೊಬ್ಬಳು ಅಕ್ಕ ಇದ್ದಿದ್ರೆ ಅವಳು ಹೈಲ್ವಿಗ್ ಆಗ್ತಿದ್ದಳು."

"ಬಚಾವಾದಳು," ಎಂದೆ. ಇಬ್ಬರೂ ನಕ್ಕೆವು.

ಮೇ ತಿಂಗಳ ಒಂದು ಭಾನುವಾರ ಅವನು ನನ್ನನ್ನು ಅತ್ತೆಯ ಮನೆಗೆ ಚಹಾಕ್ಕೆ ಕರೆದೊಯ್ದ. ಅದು ಮದುವೆಯ ಮಾತೆಂದು ಆ ಕರಾವಳಿಯಲ್ಲಿ ಯಾರಿಗೂ ಬಿಡಿಸಿ ಹೇಳಬೇಕಾಗಿಲ್ಲ. ಗೊಂಡೆಲ್ ಅತ್ತೆ ಒಳ್ಳೆಯ ಪಿಂಗಾಣಿ ಇಳಿಸಿದ್ದರು, ಪ್ಲಮ್ ಜಾಮಿನ ಕೇಕ್ ಮಾಡಿದ್ದರು. ಟಾಡೆ ಮನೆಯಲ್ಲಿ ನನ್ನ ಬಗ್ಗೆ ಎಲ್ಲ ಹೇಳಿದ್ದ, ಹೆಸರೊಂದನ್ನು ಬಿಟ್ಟು. ಅತ್ತೆಗೆ ಅದನ್ನು ಎದುರಲ್ಲೇ ಹೇಳಿ ಖುಷಿಪಡಿಸುವ ಆಸೆ ಅವನಿಗೆ.

ಹೇಳಿದ. ಅತ್ತೆ ಕೆಟಲನ್ನು ಮೆಲ್ಲಗೆ ಕೆಳಗಿಟ್ಟರು.

"ಹುಟ್ಟಿದ್ದು ಎಲ್ಲಿ?" ಎಂದರು.

"ಹುಸುಮ್‌ನಲ್ಲೇ. ಅರವತ್ಮೂರು, ಫೆಬ್ರವರಿ. ಆಮೇಲೆ ಅಮ್ಮ ನನ್ನನ್ನು ಎತ್ಕೊಂಡು ಫ್ಲೆನ್ಸ್‌ಬರ್ಗ್‌ಗೆ ಹೋದ್ರು."

"ಅಪ್ಪ?"

"ಗೊತ್ತಿಲ್ಲ. ಅಮ್ಮ ಹೇಳಲೇ ಇಲ್ಲ."

ಅತ್ತೆ ನನ್ನ ಮುಖವನ್ನು ಬಹಳ ಹೊತ್ತು ನೋಡಿದರು. ಆಮೇಲೆ ಮಾತಾಡಿದ್ದು ಟಾಡೆಯ ಜೊತೆ, ನನ್ನ ಜೊತೆ ಅಲ್ಲ. "ಅರವತ್ತೆರಡರಲ್ಲಿ ನಿಮ್ಮಪ್ಪ ವರ್ಷವಿಡೀ ಹುಸುಮ್‌ನಲ್ಲೇ ಇದ್ದ, ಕಟ್ಟೆ ರಿಪೇರಿ ಕೆಲಸಕ್ಕೆ. ಇನ್ನೂ ಮದುವೆ ಆಗಿರ್ಲಿಲ್ಲ. ಈ ಹೆಸರು ಈ ಕರಾವಳೀಲಿ ನಮ್ಮ ಮನೆ ಬಿಟ್ರೆ ಇನ್ಯಾರಿಗೂ ಇಲ್ಲ ಕಣೋ. ಮೊದಲ ಮಗಳಿಗೆ ಅಪ್ಪನ ಅಮ್ಮನ ಹೆಸರು. ಇವಳ ತಾಯಿ ಅಪ್ಪ ಯಾರು ಅಂತ ಹೇಳ್ಲಿಲ್ಲ ಅಂತಾಳೆ. ಹೇಳಿದಾಳೆ. ಹೆಸರಿಟ್ಟು ಹೇಳಿದಾಳೆ."

ಟಾಡೆ ನನ್ನ ಕೈ ಹಿಡಿದಿದ್ದ. ಅವನು ಅದನ್ನು ಬಿಟ್ಟದ್ದು ನನಗೆ ಈಗಲೂ ನೆನಪಿದೆ. ತಪ್ಪು ಅವನದಲ್ಲ. ನಾನೂ ಬಿಟ್ಟೆ.

ಹೆಸರು ಕೇಳಿದರೆ ಯಾರ ಪೈಕಿ ಎಂದು ತಿಳಿಯಬೇಕು. ನಾನೇ ಓದಿ ನಂಬಿದ್ದ ಮಾತು ಅದು, ಹಾಗಾಗಿ ಅತ್ತೆಯನ್ನು ಎದುರಿಸಲು ನನ್ನ ಬಳಿ ಏನೂ ಇರಲಿಲ್ಲ. ಲಾಂಚಿನಲ್ಲಿ ಒಬ್ಬಳೇ ಮರಳಿದೆ. ಆ ಗುರುವಾರ ಜ್ವರವೆಂದು ಸುಳ್ಳು ಹೇಳಿ ದ್ವೀಪಕ್ಕೆ ಹೋಗಲಿಲ್ಲ. ಊಟ ಸೇರಲಿಲ್ಲ, ಗಿರಾಕಿಯೊಬ್ಬಳ ಮುಂಗೂದಲನ್ನು ಓರೆಯಾಗಿ ಕತ್ತರಿಸಿ ಬೈಸಿಕೊಂಡೆ. ಅವನನ್ನು ಪ್ರೀತಿಸುತ್ತಿದ್ದೇನೆ ಎಂದು ನನಗೆ ಖಚಿತವಾದದ್ದೂ, ಪ್ರೀತಿಸಬಾರದು ಎಂದು ಹೇಳಿಸಿಕೊಂಡದ್ದೂ ಒಂದೇ ದಿನ. ಇಂಥ ಅದೃಷ್ಟ ಹಗೆಗೂ ಬೇಡ.

ಒಂಬತ್ತನೆಯ ದಿನ, ಮಂಗಳವಾರ ಬೆಳಿಗ್ಗೆ, ಅವನು ಸಲೂನಿನ ಬಾಗಿಲಲ್ಲಿ ನಿಂತಿದ್ದ. ಗಡ್ಡ ಬಂದಿತ್ತು. ಒಳಗೆ ಬರಲಿಲ್ಲ.

"ನಿನ್ನ ಹೆಸರು ಬರೆಸಿದ್ದು ಯಾರು?" ಎಂದು ಅಲ್ಲಿಂದಲೇ ಕೇಳಿದ.

"ಯಾಕೆ?"

"ಜನನ ದಾಖಲೇಲಿ ಅದು ಇರುತ್ತೆ. ಮಗು ಹುಟ್ಟಿದೆ ಅಂತ ಬಂದು ಹೇಳಿದವರ ಹೆಸರು. ಆಫೀಸು ಇಲ್ಲೇ ಎರಡು ಬೀದಿ ಆಚೆ."

"ಬೇಡ ಟಾಡೆ. ನಿಮ್ಮಪ್ಪನ ಹೆಸರೇ ಬಂದ್ರೆ? ಈಗ ಅನುಮಾನ ಆದ್ರೂ ಇದೆ. ಅನುಮಾನದಲ್ಲಿ ಒಂದು ಚೂರು ಆಸೆ ಇದೆ."

"ನನಗೆ ಆ ಚೂರು ಸಾಲಲ್ಲ," ಎಂದ.

ನಾನು ಏಪ್ರನ್ ಬಿಚ್ಚಿಟ್ಟು ಹೊರಟೆ. ಬೀದಿಯಲ್ಲಿ ನಮ್ಮಿಬ್ಬರ ನಡುವೆ ಇನ್ನೊಬ್ಬರು ನಡೆಯುವಷ್ಟು ಜಾಗ ಬಿಟ್ಟುಕೊಂಡು ನಡೆದೆವು.

ಗುಮಾಸ್ತ ಅರವತ್ಮೂರರ ದಪ್ಪ ಪುಸ್ತಕ ತೆಗೆದು, ಬೆರಳಿಟ್ಟು ಓದಿದ. ತಾಯಿ ಉಟೆ, ಅವಿವಾಹಿತೆ. ತಂದೆ, ಖಾಲಿ. ಹೆಸರು ಬರೆಸಿದವರು, ಸೂಲಗಿತ್ತಿ ಮಾರ್ಗರೇಟೆ ಕಾರ್ಸ್ಟೆನ್ಸ್. "ಬದುಕಿದಾರೆ," ಎಂದ ಗುಮಾಸ್ತ. "ನನ್ನನ್ನೂ ಅವರೇ ಹೊರಗೆಳೆದದ್ದು."

ಕಾರ್ಸ್ಟೆನ್ಸ್ ಅಜ್ಜಿಗೆ ಎಂಬತ್ತೆರಡು. ಬಾಗಿಲು ತೆಗೆದವರು ನನ್ನ ಕೂದಲು ನೋಡಿ ಒಂದು ಕ್ಷಣ ನಿಂತರು. ನಾನು ಹೆಸರು ಹೇಳಿದೆ. ಜೀವನದಲ್ಲಿ ಮೊದಲ ಸಲ ಒಬ್ಬರು ಅದನ್ನು ಎರಡನೇ ಸಲ ಕೇಳಲಿಲ್ಲ.

"ಬಾ ಒಳಗೆ," ಎಂದರು. "ಉಲ್ಟಾ ಹುಟ್ಟಿದೋಳು ನೀನು. ಎರಡು ದಿನ ನನ್ನ ನಿದ್ದೆ ಕೆಡಿಸಿದ್ದೆ."

ಟಾಡೆ ಕೂರಲಿಲ್ಲ. "ಈ ಹೆಸರು ಯಾಕಿಟ್ರು, ಅಷ್ಟು ಹೇಳಿ," ಎಂದ.

"ನೀನ್ಯಾರಪ್ಪ?"

"ಫೆಡರ್ಸನ್. ಹೈಲ್ವಿಗ್ ಫೆಡರ್ಸನ್ ಮೊಮ್ಮಗ."

ಅಜ್ಜಿ ಇಬ್ಬರನ್ನೂ ಒಮ್ಮೆ ನೋಡಿದರು. ಆಮೇಲೆ ನಗಲು ಶುರುಮಾಡಿದರು. ನಗುತ್ತಲೇ ಕುರ್ಚಿ ಹುಡುಕಿ ಕುಳಿತರು. "ಅಯ್ಯೋ ದೇವರೇ. ನಿಮ್ಮಜ್ಜಿ ಹೇಳಿದ ಹಾಗೇ ಆಯ್ತಲ್ಲ."

ಆ ಚಳಿಗಾಲ ಸಮುದ್ರ ಹೆಪ್ಪುಗಟ್ಟಿತ್ತು. ಕಣ್ಣಿನ ಆಪರೇಷನ್ನಿಗೆಂದು ದ್ವೀಪದಿಂದ ಬಂದಿದ್ದ ಹೈಲ್ವಿಗ್ ಫೆಡರ್ಸನ್, ಲಾಂಚ್ ಇಲ್ಲದೆ ಮೂರು ವಾರ ಆಸ್ಪತ್ರೆಯಲ್ಲೇ ಉಳಿದಿದ್ದರಂತೆ. ಒಂದು ಕಣ್ಣಿಗೆ ಪಟ್ಟಿ ಕಟ್ಟಿಕೊಂಡು, ಬೇಸರ ಕಳೆಯಲು ಎಲ್ಲ ಕೋಣೆಗಳನ್ನೂ ಸುತ್ತುತ್ತಿದ್ದರಂತೆ.

"ನಿಮ್ಮಮ್ಮನ ಕೋಣೆಗೆ ಬಂದವಳೇ ಕಿಟಕಿ ತೆಗೆದಳು. ಇವಳು ಮುಚ್ಚು ಅಂದ್ಲು. ಅವಳು ತೆಗೀತೀನಿ ಅಂದ್ಲು. ಹೆಸರು ಗೊತ್ತಿಲ್ಲ, ಊರು ಗೊತ್ತಿಲ್ಲ, ಜಗಳ ಮಾತ್ರ ಜೋರು. ಸಂಜೆ ಹೊತ್ತಿಗೆ ನಿಮ್ಮಮ್ಮನಿಗೆ ನೋವು ಶುರುವಾಯ್ತು. ನೋಡೋಕೆ ಬರೋರು ಒಬ್ರೂ ಇಲ್ಲ ಅಂತ ತಿಳೀತಲ್ಲ, ಆಮೇಲೆ ಅವಳು ಹಾಸಿಗೆ ಪಕ್ಕದಿಂದ ಏಳಲೇ ಇಲ್ಲ. ಎರಡು ದಿನ, ಒಂದೇ ಕಣ್ಣಲ್ಲಿ ಕಾವಲು."

"ಅಪ್ಪ ಯಾರು ಅಂತ..." ಎಂದೆ.

"ಹೆರಿಗೆ ನೋವಲ್ಲಿ ಹೆಂಗಸು ಯಾರನ್ನ ಬೈತಾಳೋ ಅವನೇ ಅಪ್ಪ. ನಲವತ್ತು ವರ್ಷದಲ್ಲಿ ಈ ಲೆಕ್ಕ ಒಂದ್ಸಲಾನೂ ತಪ್ಪಿಲ್ಲ. ನಿಮ್ಮಮ್ಮ ಬೈದಿದ್ದು ಹೆರ್ಬರ್ಟ್‌ನ. ಫ್ಲೆನ್ಸ್‌ಬರ್ಗ್‌ನಲ್ಲಿ ಬ್ಯಾಂಡಿನವನು, ತುತ್ತೂರಿ ಊದೋನು. ಕೆಂಪು ಕೂದಲಿನ ಕಳ್ಳ ಅಂತ ಆಸ್ಪತ್ರೆಗೆಲ್ಲಾ ಕೇಳೋ ಹಾಗೆ ಕೂಗಿದ್ಲು. ನೀನು ಹೊರಗೆ ಬಂದಾಗ ತಲೆ ನೋಡಿ ನಾವು ಮೂರೂ ಜನ ನಕ್ಕಿದ್ದೇ ನಕ್ಕಿದ್ದು."

ಮರುದಿನ ಅಮ್ಮ ಟಾಡೆಯ ಅಜ್ಜಿಯ ಹೆಸರು ಕೇಳಿ, ಅದನ್ನೇ ಇಡುತ್ತೇನೆ ಎಂದಳಂತೆ. ಕಚೇರಿಯವನು ಇಂಥ ಹೆಸರೇ ಇಲ್ಲವೆಂದು ತಕರಾರು ತೆಗೆದನಂತೆ. "ನಾನು ಮೇಜು ಕುಟ್ಟಿ ಹೇಳ್ದೆ, ಎರಡು ದಿನ ಕಾದಾಡಿ ಗಾಯ ಇಲ್ಲದೆ ಬಂದಿದೆ ಮಗು, ಇದಕ್ಕಿಂತ ಸರಿಯಾದ ಹೆಸರು ನೀನು ಹುಡುಕಿ ಕೊಡು ಅಂತ. ಬರ್ಕೊಂಡ."

"ಅಜ್ಜಿ ಮನೇಲಿ ಯಾಕೆ ಹೇಳ್ಲಿಲ್ಲ?" ಎಂದ ಟಾಡೆ.

"ಹೇಳಿದ್ರೆ ಏನಾಗುತ್ತೆ ಅಂತ ಅವಳಿಗೆ ಗೊತ್ತಿರ್ಲಿಲ್ವಾ? 'ನಮ್ಮ ದ್ವೀಪದೋರು ಹೆಸರು ಕೇಳಿದ ಕೂಡ್ಲೇ ಮಗೂನ ನನ್ನ ಬ್ರೋಡರ್ ತಲೆಗೆ ಕಟ್ತಾರೆ, ಅದಕ್ಕೇ ಬಾಯಿ ಮುಚ್ಕೊಂಡಿರ್ತೀನಿ' ಅಂದ್ಲು. ನಾವೂ ಮುಚ್ಕೊಂಡ್ವಿ. ಮಾತು ಕೊಟ್ಟ ಇಬ್ರೂ ಮಣ್ಣಿಗೆ ಹೋದ್ರು. ಇನ್ನು ನಾನ್ಯಾಕೆ ಹೊತ್ತು ತಿರುಗ್ಲಿ."

ಟಾಡೆ ಅಲ್ಲೇ ನೆಲದ ಮೇಲೆ ಕುಳಿತುಬಿಟ್ಟ. ಕುರ್ಚಿ ಪಕ್ಕದಲ್ಲೇ ಇತ್ತು.

ಇಬ್ಬರೂ ಹೊರಗೆ ಬಂದೆವು. ಅಜ್ಜಿಯ ಮನೆಯ ಬೇಲಿ ಹಿಡಿದು ಅತ್ತುಬಿಟ್ಟೆ. ಎದೆಯ ಮೇಲಿಂದ ಚಪ್ಪಡಿ ಎತ್ತಿದ ಹಾಗಿತ್ತು, ಉಸಿರು ಎಷ್ಟು ಎಳೆದರೂ ಸಾಲದು. ಟಾಡೆ ಪಕ್ಕದಲ್ಲಿ ನಿಂತ. ಈ ಸಲ ನಡುವೆ ಜಾಗ ಬಿಡಲಿಲ್ಲ.

"ಒಂಬತ್ತು ದಿನ ನಿನ್ನನ್ನ ಅಕ್ಕ ಅಂದ್ಕೊಳ್ಳೋಕೆ ಪ್ರಯತ್ನಪಟ್ಟೆ," ಎಂದ. "ಕುರಿ ಮೇಯಿಸ್ತಾ ಜೋರಾಗಿ ಹೇಳಿ ಅಭ್ಯಾಸಾನೂ ಮಾಡ್ದೆ. ಒಂದು ನಿಮಿಷಾನೂ ಆಗ್ಲಿಲ್ಲ."

"ಕುರಿಗಳು ಏನಂದ್ವು?"

"ನಂಬ್ಲಿಲ್ಲ."

ಅಳುತ್ತಲೇ ನಗು ಬಂತು. ಅವನ ಗಡ್ಡದ ಕೆನ್ನೆಯನ್ನು ಎರಡೂ ಕೈಯಲ್ಲಿ ಹಿಡಿದೆ. "ನಾನು ಪ್ರಯತ್ನಾನೂ ಪಡ್ಲಿಲ್ಲ," ಎಂದೆ. "ನೀನು ನಂಗೆ ಬೇಕು ಟಾಡೆ. ಬೇರೆ ಯಾವ ಲೆಕ್ಕದಲ್ಲೂ ಅಲ್ಲ, ನನ್ನವನಾಗಿ ಬೇಕು." ಅವನು ಮುತ್ತು ಕೊಟ್ಟ. ಕಿಟಕಿಯೊಳಗಿಂದ ಕಾರ್ಸ್ಟೆನ್ಸ್ ಅಜ್ಜಿ ನೋಡುತ್ತಿದ್ದರು, ಪರದೆ ಎಳೆಯುವ ಸೌಜನ್ಯವನ್ನೇನೂ ತೋರಿಸಲಿಲ್ಲ.

ಮಧ್ಯಾಹ್ನದ ಲಾಂಚಿಗೆ ದ್ವೀಪ ತಲುಪಿದೆವು. ಹೇಳದೆ ಹೋದ ಹುಡುಗನನ್ನು ಕಾಯುತ್ತಾ ಗೊಂಡೆಲ್ ಅತ್ತೆ ಲಾಂಚ್ ನಿಲ್ಲುವ ಕಡವಿನಲ್ಲೇ ನಿಂತಿದ್ದರು. ನಾವು ಕೈ ಹಿಡಿದಿರುವುದನ್ನು ಕಂಡು ಅವರ ಮುಖ ಕಲ್ಲಾಯಿತು.

"ಅಪ್ಪ ಅಲ್ಲ ಅತ್ತೆ," ಎಂದು ಟಾಡೆ ದೂರದಿಂದಲೇ ಹೇಳಿದ. "ಅಜ್ಜಿ ಕೊಟ್ಟ ಹೆಸರು. ಬರೀ ಹೆಸರು."

ಎಲ್ಲವನ್ನೂ ಅಲ್ಲೇ ನಿಂತು ಹೇಳಿದೆವು. ಕಿಟಕಿಯ ಜಗಳದ ಮಾತು ಬಂದಾಗ ಅತ್ತೆ ನಮ್ಮನ್ನು ತಡೆದರು. "ಹೌದು, ಅಮ್ಮ ಎಲ್ಲಿ ಹೋದ್ರೂ ಮೊದಲು ಕಿಟಕಿ ತೆಗೀತಿದ್ಲು," ಎಂದರು. ಆಮೇಲೆ ನನ್ನ ಕೈ ಹಿಡಿದುಕೊಂಡರು. "ನಿಂಗೆ ತುಂಬಾ ನೋವು ಕೊಟ್ಟೆ ಮಗಳೇ. ಆದ್ರೆ ನಂಗೂ ಸುಖ ಇರ್ಲಿಲ್ಲ. ನನ್ನ ತಮ್ಮ ಒಂದು ಹುಡುಗೀನ ಬಸುರಿ ಮಾಡಿ ಕೈಬಿಟ್ಟ ಅಂತ ನಂಬಿ ಒಂಬತ್ತು ದಿನ ಅವನ ಸಮಾಧಿಗೆ ಹೋಗಿಲ್ಲ. ದಿನಾ ಹೋಗ್ತಿದ್ದೋಳು ನಾನು." ಏಪ್ರನ್ನಿನ ತುದಿಯಿಂದ ಕಣ್ಣೊರೆಸಿಕೊಂಡರು. "ನಡೀರಿ, ಮೊದಲು ಅವನಿಗೆ ಹೇಳಿ ಬರೋಣ. ಊಟ ಆಮೇಲೆ."

ಚರ್ಚಿನ ಅಂಗಳದಲ್ಲಿ ಅತ್ತೆ ತಮ್ಮನ ಕಲ್ಲಿನ ಮುಂದೆ ನಿಂತು, ಅಷ್ಟು ದಿನ ಬೈದದ್ದಕ್ಕೆಲ್ಲ ಗಟ್ಟಿಯಾಗಿಯೇ ಕ್ಷಮೆ ಕೇಳಿದರು. ಪಕ್ಕದ ಕಲ್ಲಿನ ಮೇಲೆ ನನ್ನ ಹೆಸರಿತ್ತು. ಅದು ಬೇರೊಬ್ಬರ ಹೆಸರಾಗಿ ಬರೆದಿರುವುದನ್ನು ನಾನು ಕಂಡದ್ದು ಅದೇ ಮೊದಲು. ಇವರಿಗೂ ನನಗೂ ರಕ್ತಸಂಬಂಧವಿಲ್ಲ, ಎರಡು ದಿನದ ಪರಿಚಯಕ್ಕೆ ತಮ್ಮಲ್ಲಿದ್ದ ಒಂದು ಹೆಸರನ್ನು ಯಾರೂ ಇಲ್ಲದ ಮಗುವಿಗೆ ಕೊಟ್ಟು ಹೋಗಿದ್ದರು. ಟಾಡೆಯ ಕೈ ನನ್ನ ಕೈಯಲ್ಲಿತ್ತು. ಕಲ್ಲಿನ ಕಡೆ ಬಗ್ಗಿ ಥ್ಯಾಂಕ್ಸ್ ಹೇಳಿದೆ, ಹೆಸರಿಗೂ, ಮೊಮ್ಮಗನಿಗೂ.