ಓಗೊಟ್ಟ ಹಡ್ಸನ್

ನಾನು ಬಾನೆಟ್ಟಿನ ಮೇಲೆ ಕೈ ಇಟ್ಟೆ, ಅಷ್ಟೆ. ಹಾರ್ನ್ ಕೂಗಿತು.

ಒಳಗಿನಿಂದ ಒಬ್ಬ ಹೆಂಗಸು ತಂಬಿಗೆ ಹಿಡಿದುಕೊಂಡು ಓಡಿ ಬಂದಳು. ದುಡಿದು ಬಂದವನಿಗೆ ಕೈಕಾಲು ತೊಳೆಯಲು ಕೊಡುವ ನೀರು. ಅವಳ ಮುಖ ಹೊತ್ತಿಸಿದ ದೀಪದ ಹಾಗಿತ್ತು. ನನ್ನನ್ನು ಕಂಡ ಕೂಡಲೇ ಆರಿತು.

"ಯಾರ್ರೀ ನೀವು?"

"ಮಧುಕೇಶ್ವರ. ಶಿರಸಿ ಗ್ಯಾರೇಜಿನಿಂದ ಬಂದೇನಿ, ಈ ಗಾಡಿ ಎಬ್ಬಿಸಿ ಒಯ್ಯಾಕ."

"ಹಾರ್ನ್ ಯಾಕ ಒತ್ತಿದ್ರಿ?"

"ನಾ ಎಲ್ಲಿ ಒತ್ತೇನಿ? ಇನ್ನೂ ಬಾಗಲಾನ ತಗದಿಲ್ಲ!"

ಅವಳು ನನ್ನನ್ನು ನೋಡಲಿಲ್ಲ. ಗಾಡಿಯ ಖಾಲಿ ಡ್ರೈವರ್ ಸೀಟನ್ನು ನೋಡಿದಳು. ತಂಬಿಗೆಯ ನೀರನ್ನು ಮುಂದಿನ ಗಾಲಿಯ ಬುಡಕ್ಕೆ ಮೆಲ್ಲಗೆ ಸುರಿದು, ಒಳಗೆ ಹೋದಳು.

ನಾನು ಬಾನೆಟ್ ಎತ್ತಿದೆ. ಬ್ಯಾಟರಿ ಇರಬೇಕಾದ ಜಾಗದಲ್ಲಿ ಜೇಡ ಬಲೆ ಕಟ್ಟಿತ್ತು. ಬ್ಯಾಟರಿ ಇರಲಿಲ್ಲ.

ನನಗೆ ಹೆದರಿಕೆಯಾದರೆ ಸಿಟ್ಟು ಬರುತ್ತದೆ. ಅವತ್ತೂ ಬಂತು. ಬಾನೆಟ್ಟನ್ನು ಧಡ್ ಎಂದು ಮುಚ್ಚಿದೆ.

ಅದು ೧೯೬೧ರ ಮಾಗಿ. ದಾಸನಕೊಪ್ಪದಲ್ಲಿ, ಬನವಾಸಿ ರಸ್ತೆಯ ಪಕ್ಕದ ಹುಣಸೆ ಮರದ ಕೆಳಗೆ ಆ ಹಡ್ಸನ್ ಕಾರು ನಿಂತು ಎರಡು ವರ್ಷ ಕಳೆದಿತ್ತು. ಅದನ್ನು ಬಾಡಿಗೆಗೆ ಓಡಿಸುತ್ತಿದ್ದವನು ಹಾಲಪ್ಪ. ಬನವಾಸಿಯಿಂದ ರೋಗಿಯೊಬ್ಬನನ್ನು ಕರೆದುಕೊಂಡು ಬರುವಾಗ ಎದೆ ಹಿಡಿದುಕೊಂಡಿತು. ಗಾಡಿಯನ್ನು ಈ ಮರದ ಕೆಳಗೆ, ರಸ್ತೆಯ ಅಂಚಿಗೆ ತಂದು ನಿಲ್ಲಿಸಿ ಪ್ರಾಣ ಬಿಟ್ಟ. ಬಂಪರಿಗೆ ಒಂದು ಗೀರು ಬಿದ್ದಿರಲಿಲ್ಲ. ಅವನ ತಲೆ ಹಾರ್ನಿನ ಮೇಲೆ ಬಿದ್ದಿತ್ತು, ಹಾರ್ನ್ ಊರಿಗೆಲ್ಲ ಕೇಳಿತು. ನಾನು ಕಂಡವಳು ಅವನ ಹೆಂಡತಿ ಕಲ್ಲವ್ವ.

ಗಾಡಿ ಕೊಡಲು ಒಪ್ಪಿದವಳು ಹಾಲಪ್ಪನ ತಾಯಿ ಅನ್ನಪೂರ್ಣವ್ವ. "ನಿಂತ ಗಾಡಿ ಬಾಗಲದಾಗ ಹೆಣ ಇದ್ದಂಗ, ತಮ್ಮಾ. ಒಯ್ಯಿ," ಎಂದಳು ಮುದುಕಿ.

"ಗಾಡಿ ಎಲ್ಲಿಗೂ ಹೋಗೂದಿಲ್ಲ," ಎಂದಳು ಸೊಸೆ ಒಳಗಿನಿಂದ. "ಅವರು ಇನ್ನೂ ಇಳಿದಿಲ್ಲ."

*

ರಿಪೇರಿ ಒಂದು ದಿನದ್ದಾಗಿರಲಿಲ್ಲ. ಕಾರ್ಬೊರೇಟರಿನಲ್ಲಿ ಕಣಜ ಗೂಡು ಮಾಡಿತ್ತು, ಸೀಟಿನಲ್ಲಿ ಇಲಿ ಮರಿ ಹಾಕಿತ್ತು. ನಾನು ಶಿರಸಿಯಿಂದ ಬೆಳಗಿನ ಬಸ್ಸಿಗೆ ಬರುತ್ತಿದ್ದೆ, ಸಂಜೆಯ ಬಸ್ಸಿಗೆ ಹೋಗುತ್ತಿದ್ದೆ. ಕಲ್ಲವ್ವ ಅಂಗಳದಲ್ಲಿ ಕೂತು ಬಿದಿರಿನ ಸೀಳಿನಿಂದ ಹಸಿ ಶುಂಠಿಯ ಸಿಪ್ಪೆ ಕೆರೆಯುತ್ತಿದ್ದಳು. ಅವಳಿದ್ದ ಕಡೆಯಿಂದ ಗಾಳಿ ಬೀಸಿದರೆ ಮೂಗಿಗೆ ಖಾರ ಹತ್ತುತ್ತಿತ್ತು. ನಾನು ಎಣ್ಣೆ ಕೈಯಿಂದ ಕಣ್ಣು ಒರೆಸಿಕೊಂಡರೆ ತುಟಿಯ ತುದಿಯಲ್ಲಿ ನಗುತ್ತಿದ್ದಳು. ನೋಡಿದರೆ ನಗು ಇರುತ್ತಿರಲಿಲ್ಲ.

"ಮಧುಕೇಶ್ವರಪ್ಪಾ, ಚಾ."

"ಮಧುಕೇಶ್ವರಪ್ಪಾ, ಸ್ಪ್ಯಾನರ್ ಮ್ಯಾಲ ಕೋಳಿ ಕುಂತೈತಿ ನೋಡ್ರಿ."

"ಎಷ್ಟು ಸಲ ಕರೀತೀರಿ ನನ್ನ ಹೆಸರು?" ಎಂದೆ ಒಮ್ಮೆ.

"ಬನವಾಸಿ ದೇವರ ಹೆಸರಲ್ಲೇನು? ಕರದಷ್ಟೂ ಪುಣ್ಯ. ನಿಮಗಲ್ಲ ಬಿಡ್ರಿ, ನನಗ."

ನನ್ನೂರು ಬನವಾಸಿಯೇ. ಆದರೆ ಶಿರಸಿ ಗ್ಯಾರೇಜಿಗೆ ಸೇರುವ ಮೊದಲು ಭಿಲಾಯಿಯಲ್ಲಿದ್ದೆ. ಅಲ್ಲಿ ರಶಿಯಾದವರು ಉಕ್ಕಿನ ಕಾರ್ಖಾನೆ ಕಟ್ಟುವಾಗ ಪಾವೆಲ್ ಎಂಬ ಮುದಿ ಮೆಕ್ಯಾನಿಕನ ಕೈಕೆಳಗೆ ಕೆಲಸ ಮಾಡಿದ್ದೆ. ಅವನಿಗೆ ಇಂಗ್ಲಿಷ್ ಬರುತ್ತಿರಲಿಲ್ಲ, ನನಗೆ ರಶಿಯನ್ ಬರುತ್ತಿರಲಿಲ್ಲ. ಗಾಡಿಗಳ ಹೆಸರು ಇಬ್ಬರಿಗೂ ಬರುತ್ತಿತ್ತು. ಅದರಲ್ಲೇ ಮಾತಾಡುತ್ತಿದ್ದೆವು. ಶೆಡ್ಡಿನ ಬಾಗಿಲ ಮೇಲೆ ಸುಣ್ಣದ ಕಡ್ಡಿಯಿಂದ ಬರೆದು ಓದಿಸುತ್ತಿದ್ದ.

ಇದನ್ನು ಹೇಳಿದ ದಿನ ಅವಳು ಶುಂಠಿ ಕೆಳಗಿಟ್ಟಳು. "ಅವರ ಬಾಯಾಗ ಬ್ಯಾರೆ ಹೆಸರೇನು?"

"ಹೆಸರು ಅದ. ಬಾಯಿ ಬ್ಯಾರೆ. ಫೋರ್ಡ್ ಅಂತ ಬರೀತಾರ, ಫೋರ್ಟ್ ಅಂತ ಅಂತಾರ. ಕೊನೀ ಡ ಅವರಿಗೆ ಗಟ್ಟಿ ನಿಲ್ಲೂದಿಲ್ಲ. ನಮ್ಮ ಆಸ್ಟಿನ್ ಅವರಿಗೆ ಓಸ್ತಿನ್. ಯುದ್ಧದಾಗ ಪಾವೆಲ್ ಓಡಿಸಿದ್ದು ಅಮೇರಿಕಾದ ಸ್ಟುಡಿಬೇಕರ್ ಲಾರಿ. ಅವನ ಬಾಯಾಗ ಅದು ಸ್ತುದೆಬೆಕ್ಕೆರ್."

"ಬೆಕ್ಕು?"

"ಬೆಕ್ಕಲ್ಲರೀ, ಬೆಕ್ಕೆರ್. ಸ್ತುದೆಬೆಕ್ಕೆರ್."

ಅವಳು ಸೆರಗಿನ ತುದಿಯನ್ನು ಬಾಯಿಗೆ ಒತ್ತಿಕೊಂಡಳು. ಭುಜ ಅಲ್ಲಾಡಿತು. ಆಮೇಲೆ ತಡೆಯಲಾರದೆ ನಕ್ಕೇಬಿಟ್ಟಳು. ಒಳಗೆ ಅನ್ನಪೂರ್ಣವ್ವ ರೊಟ್ಟಿ ಬಡಿಯುತ್ತಿದ್ದ ಸದ್ದು ನಿಂತಿತು. ಎರಡು ವರ್ಷದಿಂದ ಆ ಮನೆಯಲ್ಲಿ ನಗು ಕೇಳಿರಲಿಲ್ಲ ಎಂದು ನನಗೆ ಆಮೇಲೆ ತಿಳಿಯಿತು.

"ಮತ್ತ ಇದು?" ಕಣ್ಣಲ್ಲೇ ಗಾಡಿಯನ್ನು ತೋರಿಸಿದಳು.

"ಇದರ ಮೂತಿ ಮ್ಯಾಲಿನ ಎಚ್ ಅಕ್ಷರಾನ ಅವರು ನ ಅಂತ ಓದತಾರ. ಹೆಸರು ಕೇಳಿ ಬರಕೊಂಡ್ರ ಗುಡ್ಜೋನ್. ನಮ್ಮ ಹ ಬಹಳ ಕಡೆ ಅವರಿಗೆ ಗ ಆಗತೈತಿ."

"ಗುಡ್ಜೋನ್," ಎಂದಳು, ಬಾಯಲ್ಲಿಟ್ಟು ರುಚಿ ನೋಡುವವಳ ಹಾಗೆ. ಆಮೇಲೆ ನೆಲ ನೋಡುತ್ತ, ಮೆಲ್ಲಗೆ, "ಹಂಗಂದ್ರ... ನಮ್ಮ ಮನಿಯವರ ಹೆಸರು ಅವರ ಬಾಯಾಗ ಹ್ಯಾಂಗ?"

"ಗಾಲಪ್ಪ."

ಅವಳಿಗೆ ನಗು ಬಂತು, ಅಲ್ಲೇ ನಿಂತಿತು. ಗಾಡಿಯೊಳಗೆ ಡ್ರೈವರ್ ಸೀಟಿನ ಸ್ಪ್ರಿಂಗ್ ಕಿರ್ ಎಂದಿತು, ಕೂತವರು ಯಾರೋ ಸರಿದು ಕೂತ ಹಾಗೆ.

ಇಬ್ಬರೂ ಕೇಳಿದೆವು. ಅವಳು ಶುಂಠಿ ಎತ್ತಿಕೊಂಡಳು, ನಾನು ಸ್ಪ್ಯಾನರ್ ಎತ್ತಿಕೊಂಡೆ.

*

ಹಾರ್ನ್ ಮತ್ತೆ ಕೂಗಿದ್ದು ಒಂದು ಮುಸ್ಸಂಜೆ. ಗದ್ದೆಯಿಂದ ಮಂಜು ಎದ್ದು ರಸ್ತೆಗೆ ಬರುತ್ತಿತ್ತು. ಕಲ್ಲವ್ವ ತಂಬಿಗೆ ಹಿಡಿದು ಹೊರಗೆ ಬಂದಳು. ನಾನು ಅಡ್ಡ ನಿಂತೆ.

"ವೈರು ಸವದೈತ್ರಿ. ಇಬ್ಬನಿ ಬಿದ್ರ ಒಂದಕ್ಕೊಂದು ತಾಗತೈತಿ. ಅಷ್ಟ. ನೀರು ಒಳಗ ಒಯ್ಯಿರಿ."

"ವೈರಲ್ಲ ಅದು. ಅವರು ಓ ಅನ್ನಾಕ್ಹತ್ಯಾರ."

"ಏನು?"

ತಂಬಿಗೆಯನ್ನು ಎದೆಗೆ ಒತ್ತಿಕೊಂಡಳು. ನಮ್ಮ ಕಡೆ ಹೆಂಡತಿ ಗಂಡನ ಹೆಸರು ಹೇಳುವುದಿಲ್ಲ. ಹೇಳಿದರೆ ಅವನ ಆಯುಷ್ಯ ಕಡಿಮೆಯಾಗುತ್ತದೆ ಎನ್ನುತ್ತಾರೆ. ಮದುವೆ ಮುಂಜಿಯಲ್ಲಿ ಹಿರಿಯರು ಹಟ ಹಿಡಿದರೆ ಮಾತ್ರ ಒಡಪು ಕಟ್ಟಿ, ಪ್ರಾಸದೊಳಗೆ ಹೆಸರನ್ನು ಮುಚ್ಚಿಟ್ಟು ಹೇಳಬೇಕು.

"ಅವತ್ತು ಮುಂಜಾನೆ ರೊಟ್ಟಿ ತಿನ್ಕೋತ ಕಾಡಿದ್ರು," ಎಂದಳು. "ಹೆಸರು ಹೇಳು, ಹೇಳು, ಅಂತ. ನನ್ನ ಒಡಪು ಇತ್ತು. 'ಹುಣಸಿ ಮರದ ನೆರಳಾಗ ನಿಂತೈತಿ ಹಡ್ಸನ್ ಗಾಡಿ' ಅಂತ ಸುರುವಾಗತೈತಿ. ಅದನ್ನ ಹೇಳಬೇಕಿತ್ತು. ಹೇಳಲಿಲ್ಲ. ಹುಡುಗಾಟಕ್ಕ ಬರೇ ಹೆಸರ ಹಿಡಿದು ಕರದೆ, ಮಾರಿಗೆ ಮಾರಿ ಕೊಟ್ಟು. ಅವರು ಓ ಅಂದ್ರು. ನಕ್ಕೋತ ಹೋದ್ರು. ಮಧ್ಯಾಹ್ನಕ್ಕ ಹಾರ್ನ್ ಕೇಳಿಸ್ತು. ಕರದವಳು ನಾನು. ಅವರಿನ್ನೂ ಓ ಅನ್ನಾಕ್ಹತ್ಯಾರ. ಕರದವಳ ಬಿಟ್ಟು ಹ್ಯಾಂಗ ಹೋಗತಾರ?"

ನನಗೆ ಅವಳ ಮೇಲಲ್ಲ, ಇಂಥ ಮಾತನ್ನು ಹೆಣ್ಣುಮಕ್ಕಳ ತಲೆಗೆ ತುಂಬಿದವರ ಮೇಲೆ ಸಿಟ್ಟು ಬಂತು. ಅವರ ಬಾಯಿಗೆ ಮಣ್ಣು ಹಾಕಬೇಕು. ಆದರೆ ಎದುರಿಗಿದ್ದವಳು ಅವಳೊಬ್ಬಳೇ.

"ಹೆಸರಿನಿಂದ ಯಾರೂ ಸಾಯೂದಿಲ್ರಿ! ನನ್ನ ಹೆಸರು ದಿನಾ ಬೆಳಗಿಂದ ಸಂಜೀತನಕ ಕರೀತೀರಿ. ನಾ ಸತ್ತೇನು? ಕಲ್ಲಿನಂಗ ನಿಂತಿಲ್ಲೇನು ಮುಂದ?"

ಅವಳು ತಲೆ ಎತ್ತಿದಳು. ಅವಳಿಗೂ ಸಿಟ್ಟು ಬಂದಿತ್ತು.

"ನಿಮ್ಮ ಹೆಸರು ಕರದ್ರ ನಿಮಗ್ಯಾಕ ಏನಾಗಬೇಕು? ನಿಮ್ಮ ಮ್ಯಾಲ ನನಗೇನೈತಿ?"

ನಾನು ಸ್ಪ್ಯಾನರುಗಳನ್ನು ಚೀಲಕ್ಕೆ ತುಂಬಿದೆ. ಬಸ್ಸಿಗೆ ಇನ್ನೂ ಹೊತ್ತಿತ್ತು. ಮಂಜಿನಲ್ಲಿ ನಡೆದೇ ಹೊರಟೆ. ತಿರುವಿನಲ್ಲಿ ಬೆನ್ನ ಹಿಂದೆ ಹಾರ್ನ್ ಕೇಳಿಸಿತು, ಉದ್ದಕ್ಕೆ. ಗೆದ್ದವನ ಕೂಗಿನ ಹಾಗೆ ಕೇಳಿಸಿತು ನನಗೆ. ಆಮೇಲೆ ಯೋಚಿಸಿದರೆ ಹಾಗಿರಲಿಲ್ಲ. ದಣಿದವನ ಕೂಗು ಅದು.

*

ಶಿರಸಿಯಲ್ಲಿ ಕೆಲಸ ಕೈಗೆ ಹತ್ತಲಿಲ್ಲ. ಯಾವ ಗಾಡಿಯ ಕೆಳಗೆ ಮಲಗಿದರೂ ಶುಂಠಿಯ ವಾಸನೆ. ಭಿಲಾಯಿಯ ಪಾವೆಲ್ ನೆನಪಾಗುತ್ತಿದ್ದ. ಯುದ್ಧದಲ್ಲಿ ಅವನ ಗೆಳೆಯ ಸತ್ತದ್ದು ಅದೇ ಲಾರಿಯಲ್ಲಿ. ರಾತ್ರಿ ಕುಡಿದಾಗಲೆಲ್ಲ ಪಾವೆಲ್ ಸ್ತುದೆಬೆಕ್ಕೆರ್, ಸ್ತುದೆಬೆಕ್ಕೆರ್ ಎಂದು ಅಳುತ್ತಿದ್ದ. ಗೆಳೆಯನ ಹೆಸರು ಅವನ ಬಾಯಿಂದ ನಾನು ಒಮ್ಮೆಯೂ ಕೇಳಲಿಲ್ಲ. ಹೆಸರು ಹೇಳಲಾಗದೆ ಗಾಡಿಯ ಹೆಸರು ಹಿಡಿದುಕೊಂಡವರು ನಮ್ಮಲ್ಲಿ ಮಾತ್ರವಲ್ಲ, ಅಲ್ಲಿಯೂ ಇದ್ದಾರೆ. ನಾನು ದಾಸನಕೊಪ್ಪದಲ್ಲಿ ಸುಳ್ಳು ಹೇಳಿ ಬಂದಿದ್ದೆ. ಅದು ಎದೆಯಲ್ಲಿ ಮುಳ್ಳಿನ ಹಾಗೆ ಚುಚ್ಚುತ್ತಿತ್ತು.

ಒಂದು ಬೆಳಿಗ್ಗೆ ಹೊಸ ಬ್ಯಾಟರಿಯನ್ನು ಗೋಣಿಯಲ್ಲಿ ಸುತ್ತಿ ಬಸ್ಸಿನ ಮೇಲೆ ಹಾಕಿಸಿಕೊಂಡು ಹೋದೆ.

ಕಲ್ಲವ್ವ ಅಂಗಳದಲ್ಲಿ ಒಣಶುಂಠಿ ಹರಡುತ್ತಿದ್ದಳು. ನನ್ನನ್ನು ನೋಡಿ ಎದ್ದು ನಿಂತಳು. ಏನೂ ಕರೆಯಲಿಲ್ಲ.

"ಒಂದು ಮಾತು ಹೇಳಬೇಕು," ಎಂದೆ. "ವೈರು ಅಂದದ್ದು ಸುಳ್ಳು. ಈ ಗಾಡಿಗೆ ಬ್ಯಾಟರೀನ ಇರಲಿಲ್ಲ. ಮೊದಲನೇ ದಿನಾನ ನೋಡಿದ್ದೆ. ಬ್ಯಾಟರಿ ಇಲ್ಲದ ಹಾರ್ನ್ ಕೂಗೂದಿಲ್ಲ. ಕೂಗಿತು. ಯಾಕ ಅಂತ ನನಗ ಗೊತ್ತಿಲ್ಲ."

"ನನಗ ಗೊತ್ತಿತ್ತು."

"ಏನು?"

"ಬ್ಯಾಟರಿ ಇಲ್ಲ ಅಂತ. ಅವರು ಹೋದ ಮರುದಿನಾನ ಅತ್ತಿ ಯಾರಿಗೋ ಕೊಟ್ಟುಬಿಟ್ರು, ಸದ್ದು ನಿಲ್ಲಲಿ ಅಂತ." ಅವಳ ಕಣ್ಣು ನನ್ನ ಮುಖದ ಮೇಲೇ ಇತ್ತು. "ನೀವು ಯಾವಾಗ ಹೇಳತೀರಿ ಅಂತ ಕಾಯ್ಕೋತಿದ್ದೆ. ಹೇಳದ ಹೋಗಿಬಿಟ್ರಿ. ಇನ್ನ ಬರೂದಿಲ್ಲ ಅನ್ಕೊಂಡಿದ್ದೆ."

ಡ್ರೈವರ್ ಪಕ್ಕದ ಸೀಟಿನ ಬಾಗಿಲು ತೆಗೆದೆ. "ಕುಂಡ್ರಿರಿ."

"ಮುಂದಿನ ಸೀಟಿನಾಗ? ಯಾವತ್ತೂ ಕುಂತಿಲ್ಲ ನಾನು."

"ಎರಡು ವರ್ಷದಿಂದ ಅವರು ಓ ಅನ್ನಾಕ್ಹತ್ಯಾರ ಅಂದ್ರಿ. ಕರದವರು ಏನಾರ ಹೇಳಬೇಕಲ್ಲ? ಕರದು ಸುಮ್ಮನ ನಿಂತ್ರ ಅವರಾದ್ರೂ ಏನು ಮಾಡಬೇಕು? ಹೇಳ್ರಿ. ಬರೇ ಹೆಸರು ಬಾಯಿಗೆ ಬರದಿದ್ರ ಪಾವೆಲ್ಲನಂಗ ಹೇಳ್ರಿ."

ನಾನು ದೂರ ಹೋಗಿ ರಸ್ತೆಯ ಕಡೆ ಮುಖ ಮಾಡಿ ನಿಂತೆ. ಕೇಳಬಾರದೆಂದಿದ್ದೆ. ಕೇಳಿಸಿತು.

"ಗಾಲಪ್ಪ," ಎಂದಳು. ಒಂದು ಸಣ್ಣ ನಗು, ಮೂಗು ಎಳೆದ ಸದ್ದು. ಬಹಳ ಹೊತ್ತು ಹುಣಸೆ ಎಲೆ ಉದುರುವುದು ಬಿಟ್ಟು ಬೇರೇನೂ ಇಲ್ಲ. ಆಮೇಲೆ ಗಟ್ಟಿಯಾಗಿ, ಮನೆಯವರನ್ನು ಊಟಕ್ಕೆ ಕರೆಯುವ ದನಿಯಲ್ಲಿ, "ಹಾಲಪ್ಪಾ! ನಾ ಕರದದ್ದು ಪ್ರೀತಿಗೆ. ಕೆಟ್ಟದ್ದಕ್ಕಲ್ಲ. ಸಾಕು. ಇಳೀರಿ ಇನ್ನ."

ಸ್ಪ್ರಿಂಗ್ ಕಿರ್ ಎಂದಿತು.

ತಿರುಗಿ ನೋಡಿದೆ. ಅವಳು ಪಕ್ಕದ ಸೀಟಿನಲ್ಲಿ ಕೂತೇ ಇದ್ದಳು. ಆಚೆ, ಡ್ರೈವರ್ ಬದಿಯ ಬಾಗಿಲು ತೆರೆದಿತ್ತು. ಅದನ್ನು ನಾನು ತೆಗೆದಿರಲಿಲ್ಲ. ಅವಳೂ ತೆಗೆದಿರಲಿಲ್ಲ. ಹುಣಸೆಯ ನೆರಳಿನಲ್ಲಿ ಗಾಳಿ ಒಮ್ಮೆ ಹಾದು ಹೋಯಿತು, ಒಣಶುಂಠಿಯ ತುಂಡು ಒಂದೆರಡು ಉರುಳಿದವು.

*

ಬ್ಯಾಟರಿ ಕೂಡಿಸಿದೆ. ಹಡ್ಸನ್ ಕೆಮ್ಮಿತು, ಹೊಗೆ ಉಗುಳಿತು, ಎದ್ದಿತು. ಅನ್ನಪೂರ್ಣವ್ವ ತೆಂಗಿನಕಾಯಿ ಹಿಡಿದು ಹೊರಗೆ ಬಂದಳು. ಶಿರಸಿಗೆ ಒಯ್ಯುವ ಮೊದಲು ಗಾಡಿಗೆ ಒಂದು ದೇವರ ದರ್ಶನ ಆಗಬೇಕೆಂದು ಹರಕೆ ಹೊತ್ತಿದ್ದಳಂತೆ. ಅತ್ತೆ ಸೊಸೆ ಇಬ್ಬರೂ ಹಿಂದಿನ ಸೀಟಿನಲ್ಲಿ ಕೂತರು.

"ಯಾವ ದೇವರಿಗೆ ಹೊಂಟೇವಿ?" ಎಂದು ಕೇಳಿದೆ.

"ಹರಕಿ ಹೊತ್ತಿದ್ದು ನಾನು, ಖರೆ. ದೇವರನ್ನ ಇಕಿ ಆರಿಸಲಿ," ಎಂದಳು ಮುದುಕಿ. "ಹೇಳವ್ವ ಕಲ್ಲವ್ವ."

ಕನ್ನಡಿಯಲ್ಲಿ ನನಗೆ ಕಲ್ಲವ್ವನ ಮುಖ ಕಾಣುತ್ತಿತ್ತು. ಕಿಟಕಿಯ ಆಚೆ ನೋಡುತ್ತಿದ್ದಳು. "ಬನವಾಸ್ಯಾಗಿನ ದೇವರಿಗೆ."

"ಬನವಾಸ್ಯಾಗ ಯಾವ ದೇವರು?"

"ಅದ... ದೊಡ್ಡ ಗುಡಿ ದೇವರು. ಈಶ್ವರ."

"ಹೆಸರಿಲ್ಲೇನು ಆ ದೇವರಿಗೆ? ದಿನಕ್ಕ ಹತ್ತು ಸಲ ಅಂಗಳದಾಗ ಕೂಗತಿದ್ದೆಲ್ಲ?"

ಕಲ್ಲವ್ವ ಕುತ್ತಿಗೆಯಿಂದ ಕಿವಿಯವರೆಗೆ ಕೆಂಪಾದಳು. ಬೆಳಿಗ್ಗೆಯಿಂದ ಅವಳು ನನ್ನನ್ನು ಒಮ್ಮೆಯೂ ಹೆಸರು ಹಿಡಿದು ಕರೆದಿಲ್ಲ ಎಂಬುದು ಆಗ ನನ್ನ ತಲೆಗೆ ಹೊಳೆಯಿತು. ನಾನು ಬದುಕಿರಬೇಕೆಂದು ಅವಳಿಗೆ ಆಸೆ ಹುಟ್ಟಿತ್ತು. ಅದಕ್ಕೇ ಹೆಸರು ನಿಂತಿತ್ತು. ನನ್ನ ಕೈ ಗೇರಿನ ಮೇಲೆ ಹಾಗೇ ಉಳಿಯಿತು.

ಅನ್ನಪೂರ್ಣವ್ವ ಸೊಸೆಯನ್ನು ನೋಡಿದಳು. ಕನ್ನಡಿಯಲ್ಲಿ ನನ್ನನ್ನು ನೋಡಿದಳು. ಕಣ್ಣು ಒರೆಸಿಕೊಂಡು ತೆಂಗಿನಕಾಯಿಯನ್ನು ಮಡಿಲಲ್ಲಿ ಸರಿಮಾಡಿಕೊಂಡಳು.

"ನಮ್ಮಲ್ಲಿ ಉಡಿಕಿ ಐತಿ, ತಮ್ಮಾ," ಎಂದಳು. "ಗಂಡ ಸತ್ತಾಕಿಗೆ ಮತ್ತ ಸೀರಿ ಉಡಿಸಿ ಕೊಡತೇವಿ. ನಾನ ಉಡಸತೇನಿ. ಗಾಡಿ ಬಿಡು. ಸುಮ್ಮನ ಎಣ್ಣಿ ಸುಡಬ್ಯಾಡ."

ಉಡಿಕಿಯಾಗಿ ಆ ಮನೆಯಲ್ಲೇ ಉಳಿದೆವು. ಆಮೇಲಿನ ವರ್ಷಗಳಲ್ಲಿ ಅವಳು ನನ್ನ ಹೆಸರು ಹೇಳಿದ್ದಿಲ್ಲ. ಒಡಪು ಕಟ್ಟು ಎಂದು ನಾನು ಕಾಡಿದ್ದೂ ಇಲ್ಲ. ಮಾಗಿಯಲ್ಲಿ, ಮಂಜು ಏಳುವ ಹೊತ್ತಿಗೆ, ದಾಸನಕೊಪ್ಪದ ತಿರುವಿನ ಕಡೆಯಿಂದ ಕೆಲವೊಮ್ಮೆ ಒಂದು ಉದ್ದನೆಯ ಹಾರ್ನ್ ಕೇಳಿಸುತ್ತದೆ. ಯಾವ ಗಾಡಿಯೂ ಹಾದು ಹೋಗುವುದಿಲ್ಲ. ಒಳಗೆ ಅವಳ ಕೈ ಹಿಟ್ಟಿನಲ್ಲಿ ನಿಲ್ಲುತ್ತದೆ. ನಾನು ಏನೂ ಕೇಳುವುದಿಲ್ಲ. ಕೂಗಲಿ ಅವನು, ಅವನಿಗೂ ಹಕ್ಕಿದೆ.

ಆಮೇಲೆ ರೊಟ್ಟಿಯ ಬಡಿತ ಮತ್ತೆ ಸುರುವಾಗುತ್ತದೆ.

"ಸ್ತುದೆಬೆಕ್ಕೆರ್," ಎಂದು ಕರೆಯುತ್ತಾಳೆ ಒಳಗಿನಿಂದ. "ಊಟಕ್ಕ ಬರ್ರಿ."

"ಓ," ಎನ್ನುತ್ತೇನೆ ನಾನು, ತಿರುವಿನವರೆಗೂ ಕೇಳುವ ಹಾಗೆ.