ಬಾಚಣಿಗೆ ಎಲೆ, ಚಪ್ಪಟೆ ಎಲೆ

"ಇದು ಕಳೆ. ಇದೂ ಕಳೆ. ಬುಡ ಹಿಡಿದು ಎಳೀಬೇಕು, ಹೀಗೆ!"

ಮೆಣಸಿ ಒಂದು ಗಿಡವನ್ನು ಪಟಕ್ಕನೆ ಕಿತ್ತು ತೋರಿಸಿದಳು.

ಅವಳ ನಿಜವಾದ ಹೆಸರು ಶಾಲೆಯ ಹಾಜರಿಯಲ್ಲಿ ಮಾತ್ರ ಇತ್ತು. ಮಾತಿನ ಖಾರಕ್ಕೆ ಮನೆಯಲ್ಲಿಟ್ಟ ಅಡ್ಡಹೆಸರು ಬೀದಿ ದಾಟಿ ತರಗತಿಗೂ ಬಂದು ಕೂತಿತ್ತು. ಇವತ್ತು ರಜೆ. ಅವಳ ಅಮ್ಮನ ಸಸಿಗಳ ನರ್ಸರಿ ನೋಡಲು ತರಗತಿಯ ಗೆಳೆಯ ಲಂಬು, ಗೆಳತಿ ಕನ್ನಡಕ ಬಂದಿದ್ದರು; ಅವೂ ಅಡ್ಡಹೆಸರುಗಳೇ. ಅಮ್ಮ ಆಚೆ ನೀರಿನ ಪೈಪ್ ರಿಪೇರಿ ಮಾಡುತ್ತಿದ್ದಳು. "ಜಾಲಿ ಸಸಿಗಳ ಮಧ್ಯೆ ಕಳೆ ಇದ್ರೆ ತೆಗೀರಿ" ಎಂದಷ್ಟೇ ಹೇಳಿ ಹೋಗಿದ್ದಳು.

ಜಾಲಿಯ ಬಗ್ಗೆ ಮೆಣಸಿ ಅಮ್ಮನಿಂದ ಕೇಳಿ ತಿಳಿದಿದ್ದಳು. ಒಣನೆಲದ ಪೊದೆ, ಮುಳ್ಳಿಲ್ಲದ ಜಾತಿ. ಹೂ ಬಿಟ್ಟರೆ ಮೈತುಂಬ ಹಳದಿ ಉಂಡೆಗಳು, ಉಣ್ಣೆಯ ಪುಟ್ಟ ಚೆಂಡುಗಳ ಹಾಗೆ. ಮುಂದಿನ ಸಾಲಿನ ಮರಿಸಸಿಗಳಲ್ಲಿ ಬಾಚಣಿಗೆಯ ಹಲ್ಲಿನಂಥ ಸಣ್ಣ ಸಣ್ಣ ಎಲೆಗಳಿದ್ದವು. ಅದು ಜಾಲಿ, ಸರಿ. ಆದರೆ ಹಿಂದಿನ ಸಾಲಿನಲ್ಲಿ ಉದ್ದನೆಯ ಚಪ್ಪಟೆ ಎಲೆಯ ಗಿಡಗಳು ಎದ್ದು ನಿಂತಿದ್ದವು.

"ಇಷ್ಟೊಂದು ಕಳೆನಾ? ಎಲ್ಲಾ ಒಂದೇ ಥರ ಇದೆಯಲ್ಲೇ," ಎಂದಳು ಕನ್ನಡಕ. "ನಿಮ್ಮಮ್ಮನ್ನ ಒಂದ್ಸಲ ಕೇಳೋಣ್ವಾ?"

ಮೆಣಸಿಗೂ ಒಳಗೊಳಗೆ ಅನುಮಾನ ಬಂತು. ಆದರೆ ಇಬ್ಬರೂ ಅವಳ ಮುಖವನ್ನೇ ನೋಡುತ್ತಿದ್ದರು.

"ನಾನು ಹುಟ್ಟಿ ಬೆಳೆದಿದ್ದೇ ಇಲ್ಲಿ ಕಣೇ. ನಂಗೇ ಪಾಠ ಮಾಡ್ತೀಯಾ?"

"ಟೀಚರಮ್ಮ ಹೇಳಿದ್ಮೇಲೆ ಮುಗೀತು!" ಲಂಬು ಸಲ್ಯೂಟ್ ಹೊಡೆದ.

ಸಾಲು ಖಾಲಿಯಾಯಿತು. ಕಿತ್ತ ಗಿಡಗಳ ರಾಶಿ ಬಿಸಿಲಿನಲ್ಲಿ ಬಾಡತೊಡಗಿತು.

ಅಮ್ಮ ಕೈಯಲ್ಲಿ ಸ್ಪ್ಯಾನರ್ ಹಿಡಿದು ಬಂದವಳು ಹಾಗೇ ನಿಂತಳು. ಆಮೇಲೆ ಕುಕ್ಕರುಗಾಲಲ್ಲಿ ಕೂತು, ಒಂದು ಗಿಡ ಎತ್ತಿ, ಬೇರನ್ನು ಬೆರಳಲ್ಲಿ ಸವರಿದಳು.

"ಅಮ್ಮ... ಕಳೆ..."

"ಇವೇ ಜಾಲಿಯ ದೊಡ್ಡ ಸಸಿಗಳು. ಜಾಲಿ ಮರಿಯಾಗಿದ್ದಾಗ ಸಣ್ಣ ಎಲೆ ಬಿಡುತ್ತೆ. ಬೆಳೀತಾ ಅದು ಉದುರಿ, ತೊಟ್ಟೇ ಅಗಲವಾಗಿ ಎಲೆಯ ಕೆಲಸ ಮಾಡುತ್ತೆ." ಅಮ್ಮನ ದನಿ ಏರಲಿಲ್ಲ.

ನೆಲ ಬಿರಿದು ತನ್ನನ್ನು ನುಂಗಬಾರದೆ ಅನ್ನಿಸಿತು ಮೆಣಸಿಗೆ.

"ಮತ್ತೆ ನೆಡೋಣ ಆಂಟಿ," ಎಂದ ಲಂಬು.

"ಬೇರು ಒಣಗಿದೆ ಕಣಪ್ಪ, ಹಿಡಿಯಲ್ಲ. ನಾನೇ ತೋರಿಸಿ ಹೋಗ್ಬೇಕಿತ್ತು. ಹೋಗಿ, ಕೈ ತೊಳ್ಕೊಳ್ಳಿ."

ನಲ್ಲಿಯ ಹತ್ತಿರ ಕನ್ನಡಕ ತನ್ನ ಕೈ ತೊಳೆದು ಮೆಣಸಿಗೆ ಜಾಗ ಬಿಟ್ಟಳು. ಕಣ್ಣಿನ ಗಾಜನ್ನು ತೆಗೆದು ಅಂಗಿಯ ತುದಿಯಲ್ಲಿ ಒರೆಸಿಕೊಂಡಳು. 'ನಾನು ಹೇಳ್ಲಿಲ್ವಾ' ಎಂದು ಚುಚ್ಚಿದ್ದರೂ ಮೆಣಸಿಗೆ ಇಷ್ಟು ನೋಯುತ್ತಿರಲಿಲ್ಲ.

ಅಷ್ಟರಲ್ಲಿ ಗೇಟಿನ ಬಳಿ ವ್ಯಾನ್ ಬಂತು. ಆಸ್ಪತ್ರೆಯ ಮ್ಯಾನೇಜರ್ ಇಳಿದರು. ಹಾಸಿಗೆ ಹಿಡಿದವರಿಗೆ ಕಿಟಕಿಯಿಂದ ಹೂ ಕಾಣಲಿ ಎಂದು, ಬೇಲಿಯ ಉದ್ದಕ್ಕೂ ನೆಡಲು ಆ ಸಸಿಗಳನ್ನು ಅವರೇ ಹೇಳಿ ಬೆಳೆಸಿದ್ದರು.

"ಏನ್ರೀ ಇದು? ಗುಂಡಿಯೆಲ್ಲಾ ತೋಡಿಸಿಟ್ಟಿದೀನಿ!"

"ಕಳೆ ಅಂದ್ಕೊಂಡು ಕಿತ್ತುಬಿಟ್ವಿ ಸಾರ್. ತಪ್ಪು ನಂದೇ," ಎಂದಳು ಅಮ್ಮ.

"ನರ್ಸರಿ ಇಟ್ಕೊಂಡು ಗಿಡದ ಗುರುತು ಸಿಗಲ್ಲ ಅಂದ್ರೆ! ಬಿಡಿ, ಬೇರೆ ಕಡೆ ನೋಡ್ಕೋತೀನಿ."

ಅಮ್ಮ ತಲೆ ತಗ್ಗಿಸಿದಳು. ಗಿಡದ ವಿಷಯಕ್ಕೆ ಅಮ್ಮ ಯಾರ ಮುಂದೆಯೂ ತಲೆ ತಗ್ಗಿಸಿದ್ದನ್ನು ಮೆಣಸಿ ಕಂಡಿರಲಿಲ್ಲ. ವ್ಯಾನ್ ಸ್ಟಾರ್ಟ್ ಆಯಿತು. ಮೆಣಸಿ ಅದರತ್ತ ಓಡಿದಳು.

"ಅಂಕಲ್! ಅಂಕಲ್, ಕಿತ್ತಿದ್ದು ನಾನು!" ಅವಳು ವ್ಯಾನಿನ ಚಕ್ರವನ್ನೇ ನೋಡುತ್ತ ಹೇಳಿದಳು. "ಅಮ್ಮಂಗೆ ಗುರುತು ಸಿಗುತ್ತೆ. ಎಲ್ಲಾ ಗಿಡದ್ದೂ ಸಿಗುತ್ತೆ. ನಂಗೇ ಗೊತ್ತಿರ್ಲಿಲ್ಲ. ಗೊತ್ತು ಅಂತ ಜಂಬ ಕೊಚ್ಕೊಂಡೆ."

ಎಂಜಿನ್ ನಿಂತಿತು. ಮ್ಯಾನೇಜರ್ ಅವಳನ್ನು ನೋಡಿದರು, ಆಮೇಲೆ ಅಮ್ಮನನ್ನು.

"ಆ ಉಳಿದ ಮರಿಸಸಿಗಳು ಯಾವಾಗ ರೆಡಿ ಆಗ್ತವೆ?"

"ಎಲೆ ಬದಲಾಗ್ಬೇಕು ಸಾರ್. ಎರಡು ಮೂರು ತಿಂಗಳು."

"ಹೂಂ. ಅಲ್ಲೀವರೆಗೂ ಯಾರೂ ಗುಂಡಿಗೆ ಬೀಳದ ಹಾಗೆ ನಾನು ಕಾವಲು ಕೂರ್ಬೇಕು," ಎಂದು ಗೊಣಗಿದರು. ಆದರೆ ಬೇರೆ ಕಡೆ ಹೋಗುವ ಮಾತೆತ್ತಲಿಲ್ಲ.

ವ್ಯಾನ್ ಹೋಯಿತು. ಅಮ್ಮ ಬೈಯಲೂ ಇಲ್ಲ, ಬೆನ್ನು ತಟ್ಟಲೂ ಇಲ್ಲ. ಗಿಡ ಕಿತ್ತ ಪ್ಯಾಕೆಟ್‌ಗಳ ಮಣ್ಣು ಸುರಿಯಲು ಕೂತಳು. ಮೆಣಸಿಯೂ ಪಕ್ಕದಲ್ಲಿ ಕೂತಳು. ಲಂಬು, ಕನ್ನಡಕ ಇಬ್ಬರೂ ಬಂದು ಹಿಂದೆ ನಿಂತರು.

ಪಕ್ಕದ ಟ್ರೇಯಲ್ಲಿ ಕೆಂಪು ಕಾಂಡದ ಮೊಳಕೆಗಳು ತಲೆಯೆತ್ತಿದ್ದವು. ಮೆಣಸಿ ಅವನ್ನು ತುಂಬ ಹೊತ್ತು ನೋಡಿದಳು.

"ಅಮ್ಮ, ಇದು ಯಾವ ಗಿಡ? ನಂಗೆ ಗೊತ್ತಿಲ್ಲ."

ಹಿಂದೆ ನಿಂತಿದ್ದ ಇಬ್ಬರಿಗೂ ಕೇಳಿಸಿತು. ಕೇಳಿಸಲಿ ಎಂದುಕೊಂಡಳು.